ಗಿಡ್ಡಯ್ಯನ ವ್ಯಾನು ಹಿಂದಕ್ಕೆ ಹೋಗಲು ಕಲಿತದ್ದು

ಗಿಡ್ಡಯ್ಯ ಆರಡಿ ಎರಡಂಗುಲದ ಆಳು. ಹುಟ್ಟಿದಾಗ ಅಂಗೈಯಗಲ ಇದ್ದನಂತೆ, ಅದನ್ನು ನೋಡಿ ಅಜ್ಜಿ ಇಟ್ಟ ಹೆಸರು. ಮೊಮ್ಮಗ ಬೆಳೆಯುತ್ತಿದ್ದಾನೆಂಬುದು ಅವಳ ಗಮನಕ್ಕೆ ಬರುವಷ್ಟರಲ್ಲಿ ಹೆಸರು ಶಾಲೆಯ ಹಾಜರಿ ಪುಸ್ತಕ ಹತ್ತಿ ಕೂತುಬಿಟ್ಟಿತ್ತು. ಈಗ ಐವತ್ತೆಂಟು ವರ್ಷ. ತನ್ನ ವ್ಯಾನಿನಲ್ಲಿ ಅವನು ಕೂತರೆ ಎರಡು ಮೊಣಕಾಲೂ ಸ್ಟೀರಿಂಗಿನ ಎಡಬಲಕ್ಕೆ ದ್ವಾರಪಾಲಕರ ಹಾಗೆ ಎದ್ದು ನಿಲ್ಲುತ್ತವೆ.

ವ್ಯಾನಿನ ಬಣ್ಣ ನೀಲಿ ಎಂದು ಅದರ ಕಾಗದಪತ್ರ ಹೇಳುತ್ತದೆ. ಕಣ್ಣಿಗೆ ಹಾಗೇನೂ ಕಾಣುವುದಿಲ್ಲ. ಆಲೂರಿನ ಆಚೆ ಇರುವ ಹಂಚಿಕೊಪ್ಪಲಿನಿಂದ ಕಾಫಿ ಹಣ್ಣು ಕುಯ್ಯುವ ಹದಿನೆಂಟು ಹೆಂಗಸರನ್ನು ತುಂಬಿಕೊಂಡು ಬಿಸಿಲೆ ದಾರಿಯ ಬಾಳೆಕಲ್ಲು ಎಸ್ಟೇಟಿಗೆ ಬೆಳಿಗ್ಗೆ ಬಿಡುವುದು, ಸಂಜೆ ಕರೆತರುವುದು. ಹತ್ತೊಂಬತ್ತು ವರ್ಷದಿಂದ ಮನುಷ್ಯನಿಗೂ ವ್ಯಾನಿಗೂ ಇದೇ ಕೆಲಸ.

ಈ ವ್ಯಾನಿನ ಗೇರ್ ಲಿವರ್ ನೆಲದಿಂದ ಎದ್ದಿಲ್ಲ, ಸ್ಟೀರಿಂಗಿನ ಕೊರಳಿಗೇ ಎಡಗಡೆ ಕೊಂಬಿನಂತೆ ಮೂಡಿದೆ. ಅಲ್ಲಿ ಕೊಟ್ಟ ಅಪ್ಪಣೆ ಎರಡು ರಾಡು, ಮೂರು ಕೀಲು ದಾಟಿ ಕೆಳಗಿನ ಗೇರ್ ಪೆಟ್ಟಿಗೆಗೆ ಮುಟ್ಟಬೇಕು. ಕೀಲಿನ ಪಿನ್ನು ಅಲ್ಲಾಡದಂತೆ ಬಳೆಯ ಹಾಗೆ ಹಿಡಿದುಕೊಳ್ಳುವ ಬುಷ್ಷುಗಳು ಸವೆದು ಮಣ್ಣುಪಾಲಾಗಿ ಹನ್ನೊಂದು ವರ್ಷ. ಹೀಗಾಗಿ ಗಿಡ್ಡಯ್ಯ ಆಲೂರಿನಲ್ಲಿ ಲಿವರ್ ಎಳೆದರೆ ಸುದ್ದಿ ಪೆಟ್ಟಿಗೆಗೆ ತಲುಪುತ್ತಿದ್ದದ್ದು ಸಕಲೇಶಪುರದಲ್ಲಿ. ಎರಡನೇ ಗೇರು ಬೇಕಾದರೆ ಮೊದಲು ನಾಲ್ಕನೆಯದನ್ನು ಮಾತಾಡಿಸಿ ಬರಬೇಕಿತ್ತು. ಮೂರನೆಯದು ಕರೆದರೆ ಬರುತ್ತಿತ್ತು, ಆದರೆ ನಿಲ್ಲುತ್ತಿರಲಿಲ್ಲ. ಯಾರಾದರೂ ಹಿಡಿದುಕೊಂಡೇ ಕೂರಬೇಕು.

ಹಿಡಿದುಕೊಂಡು ಕೂರುವುದು ಕಮಲಮ್ಮನ ಹುದ್ದೆ. ಕುಯ್ಲಿನ ಗುಂಪಿಗೆ ಹಿರಿಯಳು, ಅರವತ್ತಮೂರು ವರ್ಷ, ಮುಂದಿನ ಸೀಟು ಅವಳದು. ಗಿಡ್ಡಯ್ಯ ಮೂರನೇ ಗೇರು ಹಾಕಿ "ಅಕ್ಕಾ" ಎಂದರೆ ಸಾಕು, ಕಮಲಮ್ಮ ಬಲಗೈಯಲ್ಲಿ ಲಿವರನ್ನು ಕರುವಿನ ಕಿವಿ ಹಿಡಿದಂತೆ ಹಿಡಿಯುತ್ತಿದ್ದಳು. ಹನ್ನೊಂದು ವರ್ಷ ಹಿಡಿದೂ ಹಿಡಿದೂ ಅವಳ ಬಲಗೈ ರಟ್ಟೆ ಎಡಗೈಯ ಒಂದೂವರೆಯಾಗಿತ್ತು. ಕುಪ್ಪಸ ಹೊಲಿಯುವವಳು ಎರಡು ತೋಳಿಗೂ ಬೇರೆ ಬೇರೆ ಅಳತೆ ಬರೆದುಕೊಳ್ಳುತ್ತಿದ್ದಳು. ಕಮಲಮ್ಮ ನೆಂಟರ ಮದುವೆಗೆ ಹೋದ ದಿನ ವ್ಯಾನಿಗೂ ರಜೆ.

ಇನ್ನು ರಿವರ್ಸ್. ಅದು ಇರಲೇ ಇಲ್ಲ ಎನ್ನುವುದು ತಪ್ಪು. ಲಿವರನ್ನು ಎದೆಗೆ ಎಳೆದು, ಮೊಣಕಾಲಿನ ತನಕ ಕೆಳಕ್ಕೊತ್ತಿ, ಅಡಿಯ ರಾಡಿಗೆ ಬಲಗಾಲಲ್ಲೊಂದು ಒದ್ದು, ಮನೆದೇವರ ಹೆಸರು ಹೇಳಿದರೆ ವರ್ಷಕ್ಕೆ ಒಂದೆರಡು ಸಲ ಬೀಳುತ್ತಿತ್ತು. ಉಳಿದ ದಿನ ಗಿಡ್ಡಯ್ಯ ಮುಂದಕ್ಕೆ ಮಾತ್ರ ಬದುಕಿದ. ಮದುವೆ ಮನೆಗೆ ಎಲ್ಲರಿಗಿಂತ ಮೊದಲು ಹೋಗಿ ರಸ್ತೆಗೆ ಮುಖ ಮಾಡಿ ಗಾಡಿ ನಿಲ್ಲಿಸುತ್ತಿದ್ದ. ಒಮ್ಮೆ ಮಾರನಹಳ್ಳಿಯಲ್ಲಿ ತಿರುವು ತಪ್ಪಿಸಿಕೊಂಡವನು, ಹಿಂದಕ್ಕೆ ಬರಲಾರದೆ ಶಿರಾಡಿ ಘಾಟಿ ಇಳಿದು, ಸಮುದ್ರ ನೋಡಿ, ಮಾರನೆಯ ದಿನ ಮೀನು ಹಿಡಿದುಕೊಂಡು ಮನೆಗೆ ಬಂದನೆಂದು ಊರವರು ಹೇಳುತ್ತಾರೆ. ಅದರಲ್ಲಿ ಮೀನಿನ ಮಾತೊಂದು ಸುಳ್ಳು ಎನ್ನುತ್ತಾನೆ ಗಿಡ್ಡಯ್ಯ.

ಹೀಗೇ ನಡೆದುಹೋಗುತ್ತಿತ್ತೋ ಏನೋ. ಡಿಸೆಂಬರಿನ ಒಂದು ಮಂಗಳವಾರ ಬೆಳಿಗ್ಗೆ ಎಸ್ಟೇಟಿಗೆ ಅರ್ಧ ಮೈಲಿ ಇರುವಾಗ, ನೇರಳೆಮರದ ತಿರುವಿನಲ್ಲಿ ಒಂಟಿ ಸಲಗವೊಂದು ರಸ್ತೆಗೆ ಅಡ್ಡ ನಿಂತಿತ್ತು. ಆನೆ ಬಂದಿದೆ ಎಂಬ ಅರಣ್ಯ ಇಲಾಖೆಯ ಸಂದೇಶ ಗಿಡ್ಡಯ್ಯನ ಫೋನಿಗೂ ಬಂದಿತ್ತು; ಫೋನು ಬುತ್ತಿಚೀಲದಲ್ಲಿ ರೊಟ್ಟಿಯ ಕೆಳಗಿತ್ತು. ರಸ್ತೆಯ ಒಂದು ಕಡೆ ಚರಂಡಿ, ಇನ್ನೊಂದು ಕಡೆ ತೋಟದ ಬೇಲಿ. ನಡುವೆ ನಲವತ್ತಡಿ, ಆಮೇಲೆ ಆನೆ.

ಗಿಡ್ಡಯ್ಯ ಎದೆಗೆಳೆದ, ಕೆಳಕ್ಕೊತ್ತಿದ, ಒದ್ದ, ದೇವರನ್ನು ಕರೆದ. ಪೆಟ್ಟಿಗೆ ಗರ್ ಎಂದಿತು, ಅಷ್ಟೆ.

"ಬರ್ತಾ ಇಲ್ಲ ಕಣಕ್ಕ."

"ನೀನು ದೇವ್ರನ್ನ ಕರೆಯೋ ಹೊತ್ಗೆ ಆನೆ ಬತ್ತದೆ," ಎಂದು ಕಮಲಮ್ಮ ಹಿಂದಕ್ಕೆ ತಿರುಗಿದಳು. "ಏಯ್, ಎಲ್ಲಾ ಇಳೀರೆ. ಮುಂದ್ಗಡೆಗೆ ಬಂದು ತಳ್ಳಿ!"

ಹದಿನೆಂಟು ಹೆಂಗಸರೂ ಇಳಿದು, ವ್ಯಾನಿಗೂ ಆನೆಗೂ ನಡುವೆ ನಿಂತು, ಆನೆಗೆ ಬೆನ್ನು ಹಾಕಿ ವ್ಯಾನನ್ನು ಹಿಂದಕ್ಕೆ ತಳ್ಳತೊಡಗಿದರು. ಮನುಷ್ಯರು ಬೆನ್ನು ತೋರಿಸಿ ಓಡುವುದನ್ನು ಆ ಸಲಗ ಬೇಕಾದಷ್ಟು ಕಂಡಿತ್ತು. ಬೆನ್ನು ತೋರಿಸಿ ಗಾಡಿ ತಳ್ಳುವುದನ್ನು ಕಂಡಿರಲಿಲ್ಲ. ಸೊಂಡಿಲನ್ನು ಬಾಯಿಗಿಟ್ಟುಕೊಂಡು ಕೊನೆಯ ತನಕ ನೋಡಿತು. ವ್ಯಾನು ಹಿಂದಿನ ಮೋರಿ ಮುಟ್ಟಿದ ಮೇಲೆ, ಆಟ ಮುಗಿದವರಂತೆ ತೋಟದೊಳಕ್ಕೆ ಇಳಿದುಹೋಯಿತು.

ಹೆಂಗಸರು ಅದನ್ನು ಮೂರು ದಿನ ಹೇಳಿಕೊಂಡು ನಕ್ಕರು. ಗಿಡ್ಡಯ್ಯ ನಗಲಿಲ್ಲ. ಆ ಹೊತ್ತು ಸ್ಟೀರಿಂಗ್ ಹಿಡಿದು ಕೂತಿದ್ದ ಅವನಿಗೆ ಕಂಡದ್ದು, ಗಾಜಿನಾಚೆ ಹದಿನೆಂಟು ಮುಖ, ಅವುಗಳ ತಲೆಯ ಮೇಲೊಂದು ಆನೆಯ ಮುಖ. ಅದು ಕಣ್ಣಿನಿಂದ ಹೋಗಲಿಲ್ಲ.

ಎಸ್ಟೇಟಿನ ರೈಟರ್ ಪ್ರವೀಣನಿಗೂ ನಗು ಬರಲಿಲ್ಲ. ಕೂಲಿಯವರ ಹಾಜರಿ, ಹಣ್ಣಿನ ತೂಕ, ಗೊಬ್ಬರದ ಚೀಲ ಎಲ್ಲವನ್ನೂ ಬರೆದಿಡುವ ಅವನು ಆನೆಯನ್ನೂ ಬರೆದಿಟ್ಟಿದ್ದ. ಶನಿವಾರ ಸಂಜೆ ಸ್ಟೋರಿನ ಮುಂದೆ ಗಿಡ್ಡಯ್ಯನನ್ನು ಕರೆದ.

"ಗಿಡ್ಡಯ್ಯ, ಆವತ್ತು ಆನೆ ದೊಡ್ಡ ಮನಸ್ಸು ಮಾಡ್ತು. ದಿನಾ ಮಾಡಲ್ಲ. ಸೋಮವಾರ ಬೆಳಿಗ್ಗೆ ಅದೇ ತಿರುವಲ್ಲಿ ನಾನು ನಿಂತಿರ್ತೀನಿ. ಜನ ತುಂಬಿರೋ ಗಾಡಿ ನನ್ನ ಕಣ್ಣೆದುರಿಗೆ ಮೋರಿ ತನಕ ಹಿಂದಕ್ಕೆ ಹೋಗ್ಬೇಕು. ಹೋಗಿಲ್ಲ ಅಂದ್ರೆ ಅವತ್ತಿಂದ್ಲೇ ಜನ ತರೋದು ಆ ಬಾಡಿಗೆ ಓಡ್ಸೋ ರಾಜೇಶನ ಹೊಸ ಪಿಕಪ್ಪು."

"ನೀವ್ಯಾಕೆ ನಿಂತ್ಕೊಳ್ತೀರಿ ರೈಟ್ರೆ, ಚಳೀಲಿ?"

"ಆನೆ ಬದ್ಲಿಗೆ."

ರೈಟರ್ ಹೇಳಿದ್ದು ಸರಿ ಎಂದು ಗಿಡ್ಡಯ್ಯನಿಗೂ ಗೊತ್ತಿತ್ತು. ವ್ಯಾನು ಮಾತ್ರ ಉಳಿದು ಅದರೊಳಗಿನ ಗಲಾಟೆ ರಾಜೇಶನ ಪಿಕಪ್ಪಿಗೆ ಹೋದರೆ, ಆಮೇಲೆ ಆ ತಗಡಿನ ಡಬ್ಬಿಯಲ್ಲಿ ತಾನು ಯಾರೊಡನೆ ಮಾತಾಡುವುದು? ಆ ಯೋಚನೆಯಲ್ಲಿ ಅವನಿಗೆ ರಾತ್ರಿ ಊಟ ಸೇರಲಿಲ್ಲ. ಎಂಟೇ ಮುದ್ದೆ ಉಂಡು ಎದ್ದ.

ಭಾನುವಾರ ಬೆಳಿಗ್ಗೆ ಸಕಲೇಶಪುರಕ್ಕೆ ಹೊರಟ. ಮೂರನೇ ಗೇರು ಹಿಡಿಯಬೇಕಲ್ಲ, ಕಮಲಮ್ಮನೂ ಬಂದಳು. ಮೂರು ಗ್ಯಾರೇಜಿನವರು ಬಗ್ಗಿ ನೋಡಿ ಮೂರು ಬಗೆಯಲ್ಲಿ ತಲೆಯಾಡಿಸಿದರು. ಇದರ ಬಿಡಿಭಾಗ ಬರುವುದು ನಿಂತು ಕಾಲವಾಯಿತು, ಗುಜರಿಗೆ ಹಾಕು ಎಂದರು. ಕೊನೆಗೆ ಹೊಳೆಯ ದಿಕ್ಕಿನ ಗಲ್ಲಿಯಲ್ಲಿದ್ದ ಅಮೀರ್ ಜಾನ್ ಸಾಹೇಬರ ಲೇತ್ ಅಂಗಡಿ ಸಿಕ್ಕಿತು. ಸಾಹೇಬರಿಗೆ ಎಪ್ಪತ್ತೊಂದು. ಕನ್ನಡಕವನ್ನು ದಾರದಲ್ಲಿ ತಲೆಗೆ ಕಟ್ಟಿಕೊಂಡಿದ್ದರು. ಗೋಣಿಚೀಲ ಹಾಸಿ ವ್ಯಾನಿನಡಿ ನುಸುಳಿ, ಟಾರ್ಚ್ ಬಿಟ್ಟು, ಬಹಳ ಹೊತ್ತು ಅಲ್ಲೇ ಮಲಗಿದ್ದರು. ಒಳಗೇ ನಿದ್ದೆಹೋದರೋ ಎಂದು ಗಿಡ್ಡಯ್ಯ ಬಗ್ಗಿದ.

"ಅರೇ ಗಿಡ್ಡಯ್ಯ, ಕೀಲಿನೊಳಗೆ ಇದೇನು ತುಂಬಿದ್ದೀಯಪ್ಪ?"

ಅವರು ಸ್ಕ್ರೂಡ್ರೈವರಿನಿಂದ ಒಂದೊಂದೇ ಕಿತ್ತು ಹೊರಗೆಸೆದರು. ಮೊದಲು ಬಂದದ್ದು ಸೈಕಲ್ ಟ್ಯೂಬಿನ ಸುತ್ತು.

"ಅದು ಹೋದ ಮಳೆಗಾಲದ್ದು," ಎಂದ ಗಿಡ್ಡಯ್ಯ.

ಅದರಡಿ ತೆಂಗಿನ ಚಿಪ್ಪಿನ ಚೂರು.

"ನಮ್ ಮಗ್ಳು ಪೂಜಿತನ ಮದುವೆ ದಿಬ್ಬಣ ಹೊಂಟಾಗ ಕಿತ್ಕಂಡ್ತು. ಅಡಿಗೆಯೋರು ಕಾಯಿ ತುರೀತಿದ್ರು."

ಅದರಡಿ ಹವಾಯಿ ಚಪ್ಪಲಿಯ ಹಿಮ್ಮಡಿ.

"ಅದು ನನ್ ಹೆಂಡ್ತಿ ಸಾಕಮ್ಮನ್ದು. ಅವಳ್ ಮೊಣಕಾಲು ಆಪರೇಷನ್ ಆಯ್ತಲ್ಲ ಹಾಸನದಲ್ಲಿ? ತಿಂಗ್ಳು ಮಂಚ ಬಿಟ್ಟು ಇಳಿಯಂಗಿಲ್ಲ ಅಂದಿದ್ರು. ಚಪ್ಪಲಿ ಸುಮ್ನೆ ಬಿದ್ದಿತ್ತು."

ಎಲ್ಲಕ್ಕಿಂತ ಕೆಳಗೆ, ಗ್ರೀಸಿನಲ್ಲಿ ನೆನೆದು ಕಲ್ಲಾಗಿದ್ದ ಶಾಲೆಯ ಬೆಲ್ಟಿನ ತುಂಡು. ಪೂಜಿತ ಎಸ್ಸೆಸ್ಸೆಲ್ಸಿ ಮುಗಿಸಿದ ವರ್ಷದ್ದು. ಬುಷ್ಷು ಮೊದಲ ಸಲ ಉದುರಿದ್ದು ಆವಾಗ. ಕುಯ್ಲು ಮುಗಿಯಲಿ, ಸರಿಮಾಡಿಸೋಣ ಎಂದುಕೊಂಡಿದ್ದ. ಹನ್ನೊಂದು ಕುಯ್ಲು ಮುಗಿದಿದ್ದವು.

ಸಾಹೇಬರು ಹೊರಬಂದು, ನೆಲದ ಮೇಲಿನ ಸಾಲನ್ನು ನೋಡಿ ಗಡ್ಡ ಕೆರೆದುಕೊಂಡರು. "ನಾನು ಗಾಡಿ ಬಿಚ್ದೆ ಅಂದ್ಕೊಂಡೆ. ನಿನ್ನ ಸಂಸಾರ ಬಿಚ್ದಂಗಾಯ್ತಲ್ಲ ಮಾರಾಯ. ಎಲ್ರಿಗೂ ಒಂದೊಂದು ಮಾಡ್ಕೊಟ್ಟಿದ್ದೀಯ. ಗಾಡಿಗೊಂದು ಬುಷ್ ಮಾಡ್ಸಲಿಲ್ಲ."

"ಈಗ ಮಾಡ್ಕೊಡಿ ಸಾಬ್ರೆ. ನಾಳೆ ಬೆಳಿಗ್ಗೆ ರಿವರ್ಸ್ ಬೀಳ್ದಿದ್ರೆ ಗಾಡೀನೂ ಇಲ್ಲ, ನಾನೂ ಇಲ್ಲ."

"ಮಾಡ್ಬೋದು. ಆದ್ರೆ ಗನ್‌ಮೆಟಲ್, ಆ ಗಟ್ಟಿ ಕಂಚೇ ಬೇಕು. ಹಿತ್ತಾಳೆ ಹಾಕಿದ್ರೆ ಈ ಘಟ್ಟದ ರಸ್ತೇಲಿ ಎರಡೇ ವರ್ಷ. ಇಂಥಾ ದಪ್ಪದ ತುಂಡು ನನ್ನ ಹತ್ರ ಇಲ್ಲ. ಹಾಸನಕ್ಕೆ ಹೇಳಿದ್ರೆ ಬುಧವಾರ ಬರುತ್ತೆ."

ಸೋಮವಾರಕ್ಕೂ ಬುಧವಾರಕ್ಕೂ ನಡುವೆ ರಾಜೇಶನ ಪಿಕಪ್ಪು ನಿಂತಿತ್ತು. ಗಿಡ್ಡಯ್ಯ ತನ್ನ ಆರಡಿ ಎರಡಂಗುಲವನ್ನೂ ಮಡಿಸಿ ಮೆಟ್ಟಿಲ ಮೇಲೆ ಕುಳಿತ. ಹೊರಗಿನ ಬೆಂಚಿನಿಂದ ಟಣ್ ಟಣ್ ಎಂದು ಸದ್ದು. ಕಮಲಮ್ಮ ಎಲೆಅಡಿಕೆ ಕುಟ್ಟುತ್ತಿದ್ದಳು.

ಸಾಹೇಬರ ತಲೆ ನಿಧಾನವಾಗಿ ಅತ್ತ ತಿರುಗಿತು. ಐವತ್ತು ವರ್ಷ ಲೋಹ ಕೊರೆದ ಕಿವಿ ಅದು; ಚಹಾದಂಗಡಿಯಲ್ಲಿ ಚಮಚ ಬಿದ್ದರೂ ಯಾವ ಊರಿನಲ್ಲಿ ಎರಕ ಹೊಯ್ದದ್ದೆಂದು ಹೇಳಬಲ್ಲರು. ಎದ್ದು ಹೋಗಿ ಕಮಲಮ್ಮನ ಮುಂದೆ ನಿಂತರು.

"ಅಮ್ಮಾ, ಅದೇನು ಕುಟ್ತಾ ಇರೋದು?"

"ಅಡಿಕೆ. ಕಾಣಲ್ವಾ?"

"ಅಡಿಕೆ ಅಲ್ಲ. ಕುಟ್ಟಾಣಿ."

"ಇದಾ? ಎಸ್ಟೇಟಲ್ಲಿ ಹಳೇ ಪಲ್ಪರ್ ಬಿಚ್ದಾಗ ದೊಡ್ಡ ಸಾವ್ಕಾರ್ರು ಕೊಟ್ಟಿದ್ದು. ಇಪ್ಪತ್ತು ವರ್ಷ ಆಯ್ತು. ಯಾಕೆ?"

ಪಲ್ಪರ್ ಎಂದರೆ ಕಾಫಿ ಹಣ್ಣಿನ ಸಿಪ್ಪೆ ಸುಲಿಯುವ ಯಂತ್ರ. ಅದರ ದಪ್ಪ ಗನ್‌ಮೆಟಲ್ ಬುಷ್ಷೊಂದನ್ನು ಚಪ್ಪಟೆ ಕಲ್ಲಿನ ಮೇಲೆ ಕೂರಿಸಿ ಕಮಲಮ್ಮ ಇಪ್ಪತ್ತು ವರ್ಷ ಅಡಿಕೆ ಕುಟ್ಟಿದ್ದಳು. ಸಾಹೇಬರು ಗಿಡ್ಡಯ್ಯನ ಕಡೆ ನೋಡಿದರು. ಗಿಡ್ಡಯ್ಯ ಕಮಲಮ್ಮನ ಕಡೆ ನೋಡಿದ. ಕಮಲಮ್ಮ ಕುಟ್ಟಾಣಿಯನ್ನು ಸೆರಗಿನೊಳಕ್ಕೆ ಎಳೆದುಕೊಂಡಳು.

"ಬಾಯಿ ಬಿಡ್ಬೇಡ ಗಿಡ್ಡ. ನಂಗಿರೋದು ನಾಕು ಹಲ್ಲು."

"ನಾನೇನೂ ಕೇಳ್ಲಿಲ್ವಲ್ಲಕ್ಕ."

"ಮುಖದಲ್ಲಿ ಕೇಳ್ತಾ ಇದ್ದೀಯಲ್ಲ, ಕಳ್ಳ!"

ಇನ್ನೊಂದು ಸಂಗತಿ ಅವಳಿಗೂ ಗೊತ್ತಿತ್ತು, ಗಿಡ್ಡಯ್ಯನಿಗೂ ಗೊತ್ತಿತ್ತು. ಗೇರು ತಾನಾಗಿ ನಿಂತರೆ ಅದನ್ನು ಹಿಡಿಯುವವಳು ಬೇಕಿಲ್ಲ, ಮುಂದಿನ ಸೀಟಿನ ಅಧಿಕಾರವೂ ಇಲ್ಲ. ಕಮಲಮ್ಮ ಅರೆದ ಅಡಿಕೆಯನ್ನು ಬಾಯಿಗೆ ಹಾಕಿಕೊಂಡು, ಆ ಲೋಹದ ಬಳೆಯನ್ನು ಸೆರಗಿನಲ್ಲಿ ಚೊಕ್ಕಟವಾಗಿ ಒರೆಸಿ, ಸಾಹೇಬರ ಕೈಗೆ ಇಟ್ಟಳು.

"ತಗಳಿ. ಆ ರಾಜೇಶ ಗಾಡೀಲಿ ಹಾಕೋ ಹಾಡು ಕೇಳೋದ್ಕಿಂತ ಅಡಿಕೆ ಬಿಡೋದು ವಾಸಿ."

ಮಧ್ಯಾಹ್ನವೆಲ್ಲ ಲೇತ್ ತಿರುಗಿತು. ನಡುವೆ ಎರಡು ಸಲ ಕರೆಂಟು ಹೋಯಿತು. ಗಿಡ್ಡಯ್ಯ ಆಗೆಲ್ಲ ಬಲ್ಬನ್ನು ಮನೆದೇವರಂತೆ ದಿಟ್ಟಿಸಿದ. ಬಂಗಾರದ ಬಣ್ಣದ ಸುರುಳಿ ಸುರುಳಿ ಸಿಪ್ಪೆ ಉದುರಿ, ಒಂದು ಕುಟ್ಟಾಣಿಯ ಹೊಟ್ಟೆಯಿಂದ ಮೂರು ಬುಷ್ಷು ಹುಟ್ಟಿದವು. ಸಾಹೇಬರು ಸವೆದ ಪಿನ್ನುಗಳಿಗೆ ವೆಲ್ಡಿಂಗ್ ತುಂಬಿ ಮತ್ತೆ ದುಂಡಗೆ ಮಾಡಿದರು. ಮೊಟ್ಟೆಯಾಕಾರಕ್ಕೆ ತಿರುಗಿದ್ದ ತೂತುಗಳನ್ನು ಹದಕ್ಕೆ ತಂದರು. ಕೊನೆಯ ಪಿನ್ನು ಹಾಕುವಾಗ ಗಿಡ್ಡಯ್ಯ ಸುತ್ತಿಗೆ ಚಾಚಿದ. ಸಾಹೇಬರು ಅದನ್ನು ತಳ್ಳಿಬಿಟ್ಟರು.

"ಲಿವರೂ ನ್ಯೂಟ್ರಲ್ಲಲ್ಲಿದೆ, ಪೆಟ್ಟಿಗೇನೂ ನ್ಯೂಟ್ರಲ್ಲಲ್ಲಿದೆ. ರಾಡಿನ ಉದ್ದ ಸರಿ ಇದ್ರೆ ಪಿನ್ನು ತಾನೇ ಇಳೀಬೇಕು. ಸುತ್ತಿಗೆ ಕೇಳ್ತು ಅಂದ್ರೆ ಅಳತೆ ತಪ್ಪಿದೆ ಅಂತ."

ರಾಡಿನ ತುದಿಯ ನಟ್ಟನ್ನು ಅರ್ಧ ಸುತ್ತು ತಿರುಗಿಸಿದರು, ಇಳಿಯಲಿಲ್ಲ. ಕಾಲು ಸುತ್ತು ಹಿಂದಕ್ಕೆ ತಂದರು. ಪಿನ್ನು ಬಾವಿಗೆ ಬಿಂದಿಗೆ ಇಳಿದ ಹಾಗೆ ಸದ್ದಿಲ್ಲದೆ ಕೂತಿತು.

"ಈಗ ರಿವರ್ಸ್ ಹಾಕು. ಎದೆಗೆ ಎಳೀಬೇಡ. ಆಚೆಗೆ ನೂಕಿ ಮೇಲಕ್ಕೆ ಎತ್ತು."

ಗಿಡ್ಡಯ್ಯ ನೂಕಿದ, ಎತ್ತಿದ. ಟಕ್. ಅಷ್ಟೇ. ಒದೆಯಿಲ್ಲ, ದೇವರಿಲ್ಲ. ವ್ಯಾನು ಗಲ್ಲಿಯಲ್ಲಿ ಹತ್ತಡಿ ಹಿಂದಕ್ಕೆ ಹೋಯಿತು. ಆ ಹತ್ತಡಿಯಲ್ಲಿ ಅವನಿಗೆ ಹತ್ತು ವರ್ಷ ವಯಸ್ಸು ಇಳಿಯಿತು.

"ಒಂದು ಮಾತು ನೆನಪಿಟ್ಕೋ," ಎಂದರು ಸಾಹೇಬರು ಕಿಟಕಿಗೆ ಕೈಯಿಟ್ಟು. "ಗೇರೆಲ್ಲ ಹುಟ್ಟಿದ ಜಾಗಕ್ಕೆ ವಾಪಸ್ ಹೋಗಿದಾವೆ. ನೀನು ಹಳೇ ರಿವರ್ಸಿಗೆ ಕೈ ಹಾಕ್ತಿದ್ಯಲ್ಲ, ಎದೆಗೆಳೆದು ಕೆಳಕ್ಕೆ, ಅಲ್ಲೀಗ ಒಂದನೇ ಗೇರು ಇದೆ. ಗಾಡಿ ರಿಪೇರಿ ಆಯ್ತು. ನಿನ್ನ ಕೈ ರಿಪೇರಿ ನನ್ನ ಲೇತಲ್ಲಿ ಆಗಲ್ಲ."

ಊರಿನ ತನಕ ಮೂರನೇ ಗೇರು ಬಂಡೆಯಂತೆ ನಿಂತಿತು. ಕಮಲಮ್ಮನ ಬಲಗೈ ಅಭ್ಯಾಸಬಲದಿಂದ ನಾಲ್ಕು ಸಲ ಲಿವರಿನ ಕಡೆ ಹೋಗಿ, ನಿವೃತ್ತಿಯಾದ ಪೊಲೀಸಿನವನಂತೆ ಬರಿಗೈಯಲ್ಲಿ ವಾಪಸು ಬಂತು. ಅವಳು ಕುಟ್ಟದ ಅಡಿಕೆಯೊಂದನ್ನು ಕೆನ್ನೆಯ ಈ ಕಡೆಯಿಂದ ಆ ಕಡೆಗೆ ಹೊರಳಿಸುತ್ತ ಕೂತಿದ್ದಳು.

ಸೋಮವಾರ ಬೆಳಿಗ್ಗೆ ಹೆಂಗಸರು ಹತ್ತುವಾಗಲೇ ಸುದ್ದಿ ಹಬ್ಬಿತ್ತು.

"ಕಮಲಕ್ಕಂಗೆ ಇನ್ನೇನು ಕೆಲ್ಸ ಮುಂದೆ?" ಎಂದಳು ನಿಂಗಮ್ಮ ಹಿಂದಿನಿಂದ. "ಇನ್ಮೇಲೆ ಮುಂದಿನ ಸೀಟು ಪಾಳಿ ಮೇಲೆ. ನಾಳೆ ನಂದು."

"ಮೊದ್ಲು ಗಾಡಿ ಹಿಂದಕ್ಕೆ ಹೋಗ್ಲಿ ಕಣೆ, ಆಮೇಲೆ ನೀನು ಮುಂದಕ್ಕೆ ಬರುವಿಯಂತೆ," ಎಂದಳು ಕಮಲಮ್ಮ.

ದಾರಿಯುದ್ದಕ್ಕೂ ಗಿಡ್ಡಯ್ಯ ಮಂತ್ರದಂತೆ ಹೇಳಿಕೊಂಡ: ಆಚೆಗೆ ನೂಕು, ಮೇಲಕ್ಕೆ ಎತ್ತು. ಆಚೆಗೆ ನೂಕು, ಮೇಲಕ್ಕೆ ಎತ್ತು. ಮಂಜು ಹರಿಯುವ ಹೊತ್ತಿಗೆ ನೇರಳೆಮರದ ತಿರುವು ಬಂತು. ರಸ್ತೆಯ ನಟ್ಟನಡುವೆ ರೈಟರ್ ಪ್ರವೀಣ ಕಪ್ಪು ಜರ್ಕಿನ್ ಹಾಕಿ, ಮಫ್ಲರ್ ಸುತ್ತಿ ನಿಂತಿದ್ದ. ವ್ಯಾನು ಕಂಡದ್ದೇ ಆನೆಯ ಕೆಲಸವನ್ನು ಶ್ರದ್ಧೆಯಿಂದ ಮಾಡಬೇಕೆನಿಸಿತೋ ಏನೋ, ಮಡಿಸಿದ ಕೊಡೆಯನ್ನು ಸೊಂಡಿಲಿನಂತೆ ಮೇಲೆತ್ತಿ "ಹೋ" ಎಂದು ಕೂಗಿದ.

ಆ ಒಂದು ಕೂಗಿಗೆ ಮಂತ್ರ ಹಾರಿಹೋಯಿತು. ಗಿಡ್ಡಯ್ಯನ ಕಣ್ಣಿಗೆ ಮತ್ತೆ ಗಾಜಿನಾಚೆಯ ಹದಿನೆಂಟು ಮುಖ ಬಂದವು. ಕೈ, ಹಗ್ಗ ಬಿಚ್ಚಿದ ಎತ್ತು ತನ್ನ ಕೊಟ್ಟಿಗೆಗೇ ಹೋಗುವ ಹಾಗೆ, ಹನ್ನೊಂದು ವರ್ಷದ ಜಾಗಕ್ಕೆ ಹೋಯಿತು. ಎದೆಗೆ ಎಳೆದ, ಮೊಣಕಾಲಿಗೆ ಒತ್ತಿದ, ರಾಡಿಗೆ ಒದ್ದ, ದೇವರ ಹೆಸರನ್ನೂ ಹೇಳಿ ಕ್ಲಚ್ ಬಿಟ್ಟ.

ಒಂದನೇ ಗೇರು ಬೆಣ್ಣೆಯಂತೆ ಕೂತಿತ್ತು. ವ್ಯಾನು ಆನೆಯ ಮೇಲೇರಿ ಹೋಯಿತು.

ಪ್ರವೀಣನ ಬಾಯಿಂದ ಆನೆಗಳು ಆಡದ ಮಾತೊಂದು ಹೊರಟಿತು. ಕೊಡೆ ಒಂದು ಕಡೆ, ಅವನು ಇನ್ನೊಂದು ಕಡೆ. ಬೇಲಿ ಹಾರಿ ರೊಬಸ್ಟಾ ಗಿಡದೊಳಗೆ ತಲೆಕೆಳಗಾಗಿ ಇಳಿದ. ನೆಗೆತದ ಎತ್ತರ ಒಂಬತ್ತಡಿ ಎಂದು ಹೆಂಗಸರು ಈಗಲೂ ಆಣೆ ಮಾಡುತ್ತಾರೆ. ಗಿಡ್ಡಯ್ಯ ಬ್ರೇಕ್ ಮೇಲೆ ನಿಂತ. ಎಂಜಿನ್ ಉಸಿರು ಕಟ್ಟಿ ಆರಿತು.

"ಹೋಯ್ತು ಕಣಕ್ಕ," ಎಂದ. "ಎಲ್ಲಾ ಹೋಗ್ಬುಡ್ತು."

ಕಮಲಮ್ಮ ಅವನ ಎಡಗೈ ಮೇಲೆ ಪಟಾರನೆ ಒಂದು ಬಿಟ್ಟಳು. ಒಂದೂವರೆ ಪಾಲಿನ ರಟ್ಟೆಯ ಏಟು ಅದು. "ಗಾಡಿ ಸರಿಯಾಗೈತೆ, ಕೈಗೆ ಬುದ್ಧಿ ಇಲ್ಲ. ಸ್ಟಾರ್ಟ್ ಮಾಡು." ಎಂಜಿನ್ ಎದ್ದಿತು. ಅವನ ಕೈಯನ್ನು ಲಿವರಿನ ಮೇಲಿಟ್ಟು, ಅದರ ಮೇಲೆ ತನ್ನ ಕೈಯಿಟ್ಟು, ಆಚೆಗೆ ನೂಕಿ ಮೇಲಕ್ಕೆತ್ತಿದಳು.

ಟಕ್.

ವ್ಯಾನು ಹಿಂದಕ್ಕೆ ಹೊರಟಿತು. ಹದಿನೆಂಟು ಹೆಂಗಸರು, ಹದಿನೆಂಟು ಬುತ್ತಿ, ಒಂದು ಹಳೆಯ ಕುಟ್ಟಾಣಿಯ ಮೂರು ಚೂರು, ಎಲ್ಲವನ್ನೂ ಹೊತ್ತು, ಸೂಜಿಯ ಹಿಂದೆ ನೂಲು ಹೋದ ಹಾಗೆ ತಿರುವು ಬಳಸಿ ಹೋಗಿ ಮೋರಿಯ ಮೇಲೆ ನಿಂತಿತು. ಒಳಗೆ ಎದ್ದ ಕೇಕೆಗೆ ಕಾಡಿನ ನಿಜವಾದ ಆನೆಗಳು ಆ ವಾರವೆಲ್ಲ ಈ ಕಡೆ ತಲೆ ಹಾಕಲಿಲ್ಲ.

ಗಿಡ್ಡಯ್ಯ ಮತ್ತೆ ಮುಂದೆ ಬಂದು ನಿಲ್ಲಿಸಿದಾಗ ಪ್ರವೀಣ ಬೇಲಿಯಿಂದ ಹೊರಬರುತ್ತಿದ್ದ. ಮಫ್ಲರಿನೊಳಗೆ ಎಲೆ, ಕೂದಲಲ್ಲಿ ನಾಲ್ಕು ಕೆಂಪು ಹಣ್ಣು. ಕೋಪದಲ್ಲಿ ಕೊಡೆಯನ್ನು ಹುಡುಕಿ ಎತ್ತಿಕೊಂಡ. ಆದರೆ ಅವನು ಬರೆದದ್ದನ್ನು ತಿದ್ದುವ ರೈಟರ್ ಅಲ್ಲ, ಆಡಿದ್ದನ್ನು ತಿದ್ದುವವನೂ ಅಲ್ಲ.

"ಹಿಂದಕ್ಕೆ ಹೋಯ್ತು. ನೋಡ್ದೆ. ಗಾಡಿ ನಿಂದೇ ಇರ್ಲಿ," ಎಂದ ಕೊನೆಗೆ. "ಆದ್ರೆ ಮೊದ್ಲು ನನ್ನ ಮೇಲೆ ಯಾಕೆ ಬಂದೆ, ಅದನ್ನ ಹೇಳು."

ಗಿಡ್ಡಯ್ಯ ಬಾಯಿ ತೆರೆಯುವ ಮೊದಲೇ ಕಮಲಮ್ಮ ಕಿಟಕಿಯಿಂದ ತಲೆ ಹಾಕಿದಳು.

"ಮುಂದಕ್ಕೆ ಒಂದ್ಸಲ ನುಗ್ಗಿ ಹೆದರ್ಸಿ, ಆಮೇಲೆ ಹಿಂದಕ್ಕೆ ಹೋಗ್ಬೇಕು ರೈಟ್ರೆ. ಆನೆ ಓಡೋಗುತ್ತೆ. ನೀವೇ ನೋಡಿದ್ರಲ್ಲ."

ಪ್ರವೀಣನಿಗೂ ನಗು ತಡೆಯಲಿಲ್ಲ. ಮಫ್ಲರಿನಿಂದ ಎಲೆ ಕೊಡವಿಕೊಂಡು, ಉಳಿದ ಅರ್ಧ ಮೈಲಿಗೆ ತಾನೂ ಹತ್ತಿದ. ನಿಂಗಮ್ಮ ಅವನಿಗೆ ಜಾಗ ಬಿಡುತ್ತ, "ಪಾಳಿ ವಿಷ್ಯ ಏನಾಯ್ತು ಗಿಡ್ಡಣ್ಣ?" ಎಂದು ಕೂಗಿದಳು.

"ಎಂಥ ಪಾಳಿ? ಕಮಲಕ್ಕ ಇಲ್ಲೇ," ಎಂದ ಗಿಡ್ಡಯ್ಯ. "ಗೇರು ಹಿಡಿಯೋದು ಬೇಡ. ನನ್ನ ಕೈಗೆ ಬುದ್ಧಿ ಬರೋ ತನಕ ಹೊಡೆಯೋರು ಬೇಕಲ್ಲ."

"ಅದು ಇನ್ನೊಂದು ಹನ್ನೊಂದು ವರ್ಷದ ಕೆಲ್ಸ," ಎಂದಳು ಕಮಲಮ್ಮ, ಸೀಟಿನಲ್ಲಿ ಅಗಲವಾಗಿ ಕೂರುತ್ತ.

ಗಿಡ್ಡಯ್ಯ ಅಂಗಿಯ ಜೇಬಿನಿಂದ ಕಾಗದದ ಪೊಟ್ಟಣವೊಂದನ್ನು ತೆಗೆದು ಅವಳ ಮಡಿಲಿಗೆ ಹಾಕಿದ. ಮೂರು ಬುಷ್ಷು ಕೊರೆದು ಉಳಿದ ತುದಿಯನ್ನು ಅಮೀರ್ ಜಾನ್ ಸಾಹೇಬರು ಅಡಿ ಮುಚ್ಚಿ, ಒಳಗೆ ನುಣುಪು ಮಾಡಿ ಕೊಟ್ಟಿದ್ದರು. ಮೊದಲಿನದರ ಅರ್ಧದಷ್ಟಿತ್ತು. ನಾಲ್ಕು ಹಲ್ಲಿಗೆ ಧಾರಾಳವಾಯಿತು. ಗಾಡಿ ಸ್ಟೋರಿನ ಅಂಗಳ ಮುಟ್ಟುವ ತನಕ ಮುಂದಿನ ಸೀಟಿನಿಂದ ಟಣ್ ಟಣ್ ಕೇಳುತ್ತಲೇ ಇತ್ತು.

ಅಂಗಳದಲ್ಲಿ ರಾಜೇಶ ಹೊಸ ಪಿಕಪ್ಪನ್ನು ಒರೆಸಿ ನಿಲ್ಲಿಸಿಕೊಂಡು ಕಾಯುತ್ತಿದ್ದ. ಗಿಡ್ಡಯ್ಯ ಅವನ ಮುಂದೆ ಹಾದುಹೋದ. ಕಮಲಮ್ಮ ಕೈಯೆತ್ತಿ ಸಿದ್ಧಳಾಗಿ ಕೂತಿದ್ದಳು. ಏಟು ಬೇಕಾಗಲಿಲ್ಲ. ಆಚೆಗೆ ನೂಕಿ, ಮೇಲಕ್ಕೆತ್ತಿ, ಟಕ್ ಎನಿಸಿ, ಅವನ ಮುಂದೆ ಹಿಂದಕ್ಕೂ ಒಂದು ಸಲ ಹಾದುಹೋದ.